ಎಕ್ಕದ ಗಿಡದ ಕೆಂಪು ತಿಗಣೆ: ಔಷಧಿ ಹೊಡೆಯುವ ಮೊದಲು ಗುರುತು ಹಿಡಿಯಿರಿ

ಪಾವಗಡದ ಕಡೆಯ ರೈತರು ಕೆಂಪು ಹುಳ ಕಂಡರೆ ಬೆಚ್ಚುವುದಕ್ಕೆ ಕಾರಣವಿದೆ. ಮುಂಗಾರಿನ ಹದ ಮಳೆ ಬಿದ್ದು ಕಡಲೆಕಾಯಿ ಮೊಳೆತು ನಿಂತ ಹೊತ್ತಿಗೆ ಕೆಂಪು ತಲೆ ಕಂಬಳಿ ಹುಳು ದಂಡುಗಟ್ಟಿ ಬರುತ್ತದೆ. ಹೊಲದಿಂದ ಹೊಲಕ್ಕೆ ಹರಿದು ಎಲೆ ಮುಗಿಸಿ ಬರೀ ದಂಟು ಉಳಿಸಿ ಹೋಗುವ ಈ ಹುಳುವಿನ ಕಾಟ ಇಲ್ಲಿನ ಕಡಲೆಕಾಯಿ ಬೆಳೆಗಾರರಿಗೆ ಹೊಸದಲ್ಲ. ಆ ನೆನಪು ಇರುವವರು ಬದುವಿನ ಎಕ್ಕದ ಗಿಡದ ಮೇಲೆ ಕೆಂಪು-ಕಪ್ಪು ತಿಗಣೆಗಳು ಗುಂಪುಗುಂಪಾಗಿ ಕೂತದ್ದನ್ನು ಕಂಡರೆ, ಬೆನ್ನಿಗಿರುವ ಪಂಪಿನಿಂದ ಅವಕ್ಕೂ ಒಂದಿಷ್ಟು ಬಿಟ್ಟೇ ಮುಂದೆ ಹೋಗುತ್ತಾರೆ.

ಹಾಗೆ ಬಿಟ್ಟ ಔಷಧಿ ದಂಡ. ಎಕ್ಕದ ತಿಗಣೆಗೆ ಎಕ್ಕವೇ ಮನೆ, ಎಕ್ಕವೇ ಊಟ. ಎಲೆ ಕತ್ತರಿಸಿ ತಿನ್ನುವ ಬಾಯಿ ಅದಕ್ಕಿಲ್ಲ. ಕಡಲೆಕಾಯಿಗೆ ನಿಜವಾಗಿ ಕುತ್ತು ತರುವ ತಿಗಣೆ ಬೇರೆ ಇದೆ. ಅದು ಮಣ್ಣಿನ ಬಣ್ಣದ್ದು, ಎದುರಿಗಿದ್ದರೂ ಕಣ್ಣಿಗೆ ಬೀಳುವುದಿಲ್ಲ. ಹೊಲದ ಹುಳಗಳನ್ನು ಹಿಡಿದು ತಿಂದು ನಮಗೆ ಉಪಕಾರ ಮಾಡುವ ತಿಗಣೆ ಇನ್ನೊಂದಿದೆ. ಅದು ಮಾತ್ರ ಕೆಂಪು-ಕಪ್ಪಿನದೇ. ಬಣ್ಣ ನೋಡಿ ತೀರ್ಮಾನ ಮಾಡುವವರು ನಿರಪರಾಧಿಯನ್ನೂ ಉಪಕಾರಿಯನ್ನೂ ಕೊಂದು, ಕಳ್ಳನನ್ನು ಬಿಟ್ಟುಬಿಡುತ್ತಾರೆ. ಆದ್ದರಿಂದ ಎಕ್ಕದ ತಿಗಣೆಯ ಬದುಕನ್ನು ಸ್ವಲ್ಪ ವಿವರವಾಗಿ ತಿಳಿಯೋಣ. ಅದನ್ನು ಸರಿಯಾಗಿ ಗುರುತು ಹಿಡಿದವರಿಗೆ ಉಳಿದವುಗಳ ಗುರುತು ಕಷ್ಟವಲ್ಲ.

ಗಿಡ ಮೊದಲು, ತಿಗಣೆ ಆಮೇಲೆ

ಪಾವಗಡ, ಶಿರಾ, ಮಧುಗಿರಿ, ಕೊರಟಗೆರೆ ನಾಲ್ಕೂ ತಾಲ್ಲೂಕುಗಳು ರಾಜ್ಯದ ಮಧ್ಯ ಒಣವಲಯಕ್ಕೆ ಸೇರಿದವು. ಅದರಲ್ಲೂ ಪಾವಗಡ ಬಿಸಿಲಿನ ಸೀಮೆ. ತಿರುಮಣಿ ಸುತ್ತಲಿನ ಸುಮಾರು 13,000 ಎಕರೆ ಜಮೀನನ್ನು ರೈತರಿಂದ ಗುತ್ತಿಗೆಗೆ ಪಡೆದು 2,050 ಮೆಗಾವ್ಯಾಟ್ ಸಾಮರ್ಥ್ಯದ ಸೌರ ಪಾರ್ಕು ಕಟ್ಟಲು ಧೈರ್ಯ ಕೊಟ್ಟದ್ದು ಈ ಬಿಸಿಲೇ. ಇಂಥ ನೆಲದಲ್ಲಿ ಯಾರೂ ನೀರೆರೆಯದೆ, ಯಾರೂ ಬೇಲಿ ಕಟ್ಟದೆ, ದನ ಮೇಕೆ ಮುಟ್ಟದೆ ಹಸಿರಾಗಿ ನಿಲ್ಲುವ ಗಿಡ ಎಕ್ಕ. ತೆಲುಗು ಮನೆಮಾತಿನವರು ಜಿಲ್ಲೇಡು ಎನ್ನುತ್ತಾರೆ. ಬದು, ಬೀಳು, ಗೋಮಾಳ, ರಸ್ತೆ ಬದಿ, ಪಾಳು ಗುಡಿ, ಹಳೆ ಕೋಟೆಯ ಬುಡ, ಎಲ್ಲಿ ನೋಡಿದರೂ ಇದೆ.

ಎಕ್ಕದಲ್ಲಿ ಎರಡು ಜಾತಿ. ದೊಡ್ಡ ಎಲೆಯ, ನಸುನೇರಳೆ ಅಥವಾ ಬಿಳಿ ಹೂವಿನ, ಎಸಳು ಹೊರಕ್ಕೆ ಚಾಚಿ ಬಾಗಿರುವುದು ಕ್ಯಾಲೊಟ್ರೊಪಿಸ್ ಜೈಗ್ಯಾಂಟಿಯಾ. ಎಸಳು ನೆಟ್ಟಗೆ ನಿಂತು ತುದಿಗೆ ಗಾಢ ನೇರಳೆ ಬಳಿದಂತಿರುವುದು ಕ್ಯಾಲೊಟ್ರೊಪಿಸ್ ಪ್ರೊಸೆರಾ. ನಮ್ಮ ತಿಗಣೆಗೆ ಎರಡೂ ಆದೀತು. ರಥಸಪ್ತಮಿಯ ದಿನ ಏಳು ಎಕ್ಕದೆಲೆಯನ್ನು ತಲೆ, ಭುಜದ ಮೇಲಿಟ್ಟು ಮೀಯುವವರು, ಶನಿವಾರ ಆಂಜನೇಯನಿಗೆ ಎಕ್ಕದ ಹಾರ ಕಟ್ಟುವವರು ಈ ತಿಗಣೆಯನ್ನು ಖಂಡಿತ ನೋಡಿರುತ್ತಾರೆ. ಎಲೆ ಕೀಳಲು ಕೈ ಹಾಕಿದ ಕೂಡಲೇ ಕೊಂಬೆಯ ಆಚೆ ಬದಿಗೆ ಸರಸರನೆ ಸರಿಯುವ ಕೆಂಪು ಹುಳವೇ ಅದು.

ಎಕ್ಕ ಒಂದು ಇಡೀ ಸಂಸಾರವನ್ನು ಸಾಕುತ್ತದೆ. ಹೂವಿಗೆ ದಪ್ಪ ಕರಿ ದುಂಬಿಗಳು, ಅಂದರೆ ಒಣಮರದಲ್ಲಿ ತೂತು ಕೊರೆದು ಗೂಡು ಮಾಡುವ ಬಡಗಿ ದುಂಬಿಗಳು ಬರುತ್ತವೆ. ಎಕ್ಕದ ಪರಾಗ ಪುಡಿಯಲ್ಲ, ಪುಟ್ಟ ಚೀಲಗಳಾಗಿ ಕಟ್ಟಿಕೊಂಡಿರುತ್ತದೆ. ಅದನ್ನು ಕಾಲಿಗೆ ಸಿಕ್ಕಿಸಿಕೊಂಡು ಹೂವಿಂದ ಹೂವಿಗೆ ಸಾಗಿಸುವಷ್ಟು ಬಲ ಈ ದುಂಬಿಗಳಿಗಿದೆ. ಎಲೆಯನ್ನು ಪಟ್ಟೆಪಟ್ಟೆ ಕಂಬಳಿಹುಳುವೊಂದು ತಿನ್ನುತ್ತದೆ. ಅದೇ ಮುಂದೆ ಕಿತ್ತಳೆ ಬಣ್ಣದ ಪ್ಲೇನ್ ಟೈಗರ್ ಚಿಟ್ಟೆಯಾಗುತ್ತದೆ. ಹಳದಿ, ನೀಲಿ ಬಳಿದುಕೊಂಡ ಎಕ್ಕದ ಮಿಡತೆ ಎಲೆಯ ಮೇಲೆ ಕೂತು ಕೊರೆಯುತ್ತದೆ. ಎಳೆ ತುದಿಗೆ ಹಳದಿ ಹೇನು ಮುತ್ತುತ್ತದೆ. ಎಳೆ ಕಾಯಿಯೊಳಗೆ ಒಂದು ಜಾತಿಯ ಹಣ್ಣಿನ ನೊಣ, ಒಂದು ಜಾತಿಯ ಮೂತಿಹುಳು ಮರಿ ಮಾಡುತ್ತವೆ. ಕೆಂಪು ತಿಗಣೆಯ ಪಾಲಿಗೆ ಬರುವುದು ಮುಖ್ಯವಾಗಿ ಬೀಜ. ಎಕ್ಕದ ಕಾಯಿ ಬಲಿತು ಹೊಟ್ಟೆ ಬಿರಿದು, ಒಳಗಿನ ಬಿಳಿ ಅರಳೆ ಹೊರಗೆ ಇಣುಕುತ್ತಿರುವಾಗ, ಆ ಬಿರುಕಿನ ಅಂಚಿನಲ್ಲಿ ತಿಗಣೆಗಳು ಹೆಗಲಿಗೆ ಹೆಗಲು ಕೊಟ್ಟು ಕೂತಿರುತ್ತವೆ. ಕಾಯಿ ಇಲ್ಲದ ದಿನಗಳಲ್ಲಿ ಹೂವಿನ ಮಕರಂದ, ಎಳೆ ತೊಟ್ಟಿನ ರಸದಲ್ಲಿ ಕಾಲ ಹಾಕುತ್ತವೆ.

ಮೈಗುರುತು

ಇದರ ಶಾಸ್ತ್ರೀಯ ಹೆಸರು ಸ್ಪೈಲೊಸ್ಟೆತಸ್ ಪ್ಯಾಂಡ್ಯುರಸ್. 1763ರಲ್ಲಿ ಜೊವಾನಿ ಆಂಟೋನಿಯೊ ಸ್ಕೊಪೋಲಿ ಇದನ್ನು ಮೊದಲು ಬಣ್ಣಿಸಿದ. ಆತ ಇಂದಿನ ಸ್ಲೊವೇನಿಯಾದ ಇದ್ರಿಯಾ ಎಂಬ ಪಾದರಸದ ಗಣಿಯೂರಿನಲ್ಲಿ ವೈದ್ಯನಾಗಿದ್ದವನು. ದಕ್ಷಿಣ ಯುರೋಪು, ಆಫ್ರಿಕಾ, ಪಶ್ಚಿಮ ಏಷ್ಯಾಗಳಿಂದ ಹಿಡಿದು ನಮ್ಮ ದೇಶದವರೆಗೂ ಹರಡಿರುವ ತಿಗಣೆ ಇದು. ಭಾರತದ ತಿಗಣೆಗಳ ಬಗ್ಗೆ ಇವತ್ತಿಗೂ ತಜ್ಞರು ತೆಗೆದು ನೋಡುವ ಏಳು ಸಂಪುಟಗಳನ್ನು ಡಬ್ಲ್ಯು. ಎಲ್. ಡಿಸ್ಟಂಟ್ 1902ರಿಂದ 1918ರವರೆಗೆ ಹೊರತಂದರು. ಒಬ್ಬ ಮನುಷ್ಯನ ಆಯಸ್ಸಿನ ದೊಡ್ಡ ಭಾಗ ಬೇಡುವ ಕೆಲಸವದು.

ಬೆಳೆದ ತಿಗಣೆ 12ರಿಂದ 15 ಮಿಲಿಮೀಟರ್ ಉದ್ದ. ಉದ್ದನೆಯ ಮೊಟ್ಟೆಯಾಕಾರ, ಚಪ್ಪಟೆ ಬೆನ್ನು. ಮೈ ಕೆಂಪು, ಕೆಲವದರಲ್ಲಿ ಕಿತ್ತಳೆ ಕಡೆಗೆ ವಾಲಿದ ಕೆಂಪು. ತಲೆಯ ಹಿಂದಿನ ಹಲಗೆಯಂಥ ಭಾಗದ ಮೇಲೆ ಮುಂದಿನಿಂದ ಹಿಂದಕ್ಕೆ ಎರಡು ಕಪ್ಪು ಪಟ್ಟೆಗಳು ಓಲಾಡಿಕೊಂಡು ಇಳಿಯುತ್ತವೆ. ಅದರ ಹಿಂದೆ ಕಪ್ಪು ತ್ರಿಕೋನ. ರೆಕ್ಕೆಯ ಮುಂಭಾಗ ತೊಗಲಿನಂತೆ ಗಟ್ಟಿ, ಅದರ ಮೇಲೆ ಕಪ್ಪು ಮಚ್ಚೆ. ಹಿಂಭಾಗ ತೆಳು ಪೊರೆ, ಕಪ್ಪು. ಹಲವದರಲ್ಲಿ ಆ ಪೊರೆಯ ನಡುವೆ ಒಂದು ಬಿಳಿ ಚುಕ್ಕೆ ಎದ್ದು ಕಾಣುತ್ತದೆ. ಕಾಲು, ಮೀಸೆ ಎರಡೂ ಕಪ್ಪು. ಇದೇ ಕುಲದ ಸ್ಪೈಲೊಸ್ಟೆತಸ್ ಹಾಸ್ಪಿಸ್ ಎಂಬ ಸೋದರ ಪ್ರಭೇದವೂ ನಮ್ಮ ಎಕ್ಕದ ಮೇಲೆ ಸಿಗುತ್ತದೆ. ಬರಿಗಣ್ಣಿಗೆ ಎರಡೂ ಒಂದೇ ಎನಿಸಿದರೆ ಬೇಸರ ಬೇಡ. ರೈತರಿಗೆ ಆ ವ್ಯತ್ಯಾಸ ಮುಖ್ಯವಲ್ಲ, ಎರಡರ ಜೀವನವೂ ಒಂದೇ ಬಗೆ.

ರೆಕ್ಕೆಯ ಅರ್ಧ ಗಟ್ಟಿ, ಅರ್ಧ ತೆಳು ಎಂಬುದನ್ನು ನೆನಪಿಟ್ಟುಕೊಳ್ಳಿ. ತಿಗಣೆ ವರ್ಗವನ್ನು ಜೀರುಂಡೆಗಳಿಂದ ಬೇರೆ ಮಾಡುವ ಸುಲಭ ಗುರುತು ಅದು. ಜೀರುಂಡೆಯ ಮೇಲ್ರೆಕ್ಕೆ ಇಡಿಯಾಗಿ ಚಿಪ್ಪು, ಬೆನ್ನಿನ ನಡುವೆ ನೇರ ಗೆರೆಯಲ್ಲಿ ಕೂಡುತ್ತದೆ. ತಿಗಣೆಯ ರೆಕ್ಕೆಗಳು ಒಂದರ ಮೇಲೊಂದು ಅಡ್ಡ ಬಿದ್ದು ಬೆನ್ನಿನ ಮೇಲೆ ಇಂಟು ಗುರುತು ಮೂಡಿಸುತ್ತವೆ.

ಎರಡನೆಯ ಗುರುತು ಮೂತಿ. ತಿಗಣೆಯನ್ನು ಪಕ್ಕದಿಂದ ನೋಡಿದರೆ ತಲೆಯ ಅಡಿಯಿಂದ ಹೊರಟು, ಕಾಲುಗಳ ನಡುವೆ ಹೊಟ್ಟೆಗೆ ಅಂಟಿಕೊಂಡಂತೆ ಹಿಂದಕ್ಕೆ ಮಲಗಿರುವ ನಾಲ್ಕು ಗಿಣ್ಣಿನ ಕಪ್ಪು ಕೊಳವೆ ಕಾಣುತ್ತದೆ. ನಿಜವಾದ ಸೂಜಿಗಳು ಅದರೊಳಗಿವೆ, ಕೂದಲಿಗಿಂತ ತೆಳು. ಬೀಜ ಸಿಕ್ಕಾಗ ತಿಗಣೆ ಮೊದಲು ಮೀಸೆಯಿಂದ ತಟ್ಟಿ ನೋಡುತ್ತದೆ, ಆಮೇಲೆ ಕೊಳವೆಯನ್ನು ಕೆಳಕ್ಕೆ ಇಳಿಸಿ ತುದಿಯನ್ನು ಒತ್ತುತ್ತದೆ. ಸೂಜಿ ಒಳಗಿಳಿದ ಮೇಲೆ ಜೊಲ್ಲು ಬಿಡುತ್ತದೆ. ಜೊಲ್ಲಿನ ಕಿಣ್ವಗಳು ಬೀಜದ ತಿರುಳನ್ನು ಬೀಜದೊಳಗೇ ಕರಗಿಸುತ್ತವೆ. ಕರಗಿದ್ದನ್ನು ಹೀರಿಕೊಳ್ಳುತ್ತದೆ. ಹೊರಗಿನಿಂದ ಬೀಜ ಹಾಗೇ ಇದೆ ಎನಿಸುತ್ತದೆ, ಎತ್ತಿ ಹಿಸುಕಿದರೆ ಸೊಟ್ಟೆ.

ವಿಷವನ್ನೇ ಕವಚ ಮಾಡಿಕೊಂಡ ಬಗೆ

ಎಕ್ಕದ ಹಾಲು ಅಂದರೆ ಸುಮ್ಮನಲ್ಲ. ಅದರಲ್ಲಿರುವ ಕ್ಯಾಲೊಟ್ರೊಪಿನ್, ಉಸ್ಕಾರಿನ್ ಮುಂತಾದವು ಕಾರ್ಡೆನೊಲೈಡ್ ಎಂಬ ಹೃದಯವಿಷದ ಗುಂಪಿಗೆ ಸೇರಿದವು. ಕಣಗಿಲೆಯ ವಿಷವೂ, ಹೃದ್ರೋಗಿಗಳಿಗೆ ವೈದ್ಯರು ಅಳೆದು ತೂಗಿ ಕೊಡುವ ಡಿಗಾಕ್ಸಿನ್ ಕೂಡ ಅದೇ ಬಳಗ. ಪ್ರಾಣಿಯ ಪ್ರತಿ ಜೀವಕೋಶದಲ್ಲೂ ಸೋಡಿಯಂ ಹೊರಹಾಕಿ ಪೊಟ್ಯಾಸಿಯಂ ಒಳಗೆ ತೆಗೆದುಕೊಳ್ಳುವ ಒಂದು ಪಂಪು ಇರುತ್ತದೆ. ಹೃದಯದ ಬಡಿತ, ನರದ ಸಂಚಾರ ಎಲ್ಲವೂ ಅದನ್ನೇ ನಂಬಿವೆ. ಕಾರ್ಡೆನೊಲೈಡ್ ಹೋಗಿ ಆ ಪಂಪಿಗೆ ಅಂಟಿಕೊಂಡು ಅದನ್ನು ಕಟ್ಟಿಹಾಕುತ್ತದೆ. ದನ, ಮೇಕೆ ಎಕ್ಕಕ್ಕೆ ಬಾಯಿ ಹಾಕದಿರಲು ಕಾರಣ ಇದೇ.

ಹಾಗಿದ್ದರೆ ತಿಗಣೆ ಹೇಗೆ ಬದುಕುತ್ತದೆ? ಅದರ ಪಂಪಿನಲ್ಲಿ ವಿಷ ಅಂಟಿಕೊಳ್ಳುವ ಜಾಗದ ಒಂದೆರಡು ಅಮೈನೊ ಆಮ್ಲಗಳು ಬದಲಾಗಿವೆ. ಬೀಗ ಬದಲಾದ ಮೇಲೆ ಹಳೆಯ ಕೀಲಿ ಕೂರದಂತೆ, ವಿಷ ಅಲ್ಲಿ ಕೂರುವುದಿಲ್ಲ. ಇದರಲ್ಲಿ ನನಗೆ ತುಂಬ ಸೋಜಿಗ ಎನಿಸುವ ಸಂಗತಿ ಇನ್ನೊಂದಿದೆ. ಹಾಲುಗಿಡಗಳ ಮೇಲೆ ಬದುಕುವ ಚಿಟ್ಟೆ, ಜೀರುಂಡೆ, ನೊಣ, ತಿಗಣೆಗಳ ನಡುವೆ ಕೋಟ್ಯಂತರ ವರ್ಷಗಳ ಅಂತರವಿದೆ. ಆದರೂ ಅವುಗಳಲ್ಲಿ ಬೇರೆ ಬೇರೆಯಾಗಿ, ಹೆಚ್ಚುಕಡಿಮೆ ಅದೇ ಜಾಗದಲ್ಲಿ ಈ ಬದಲಾವಣೆ ಬಂದಿದೆ ಎಂದು 2012ರಲ್ಲಿ ಪ್ರಕಟವಾದ ಅಧ್ಯಯನಗಳು ತೋರಿಸಿದವು.

ತಿಗಣೆ ವಿಷ ತಡೆದುಕೊಳ್ಳುವುದಷ್ಟೇ ಅಲ್ಲ, ಕೂಡಿಡುತ್ತದೆ ಕೂಡ. ಇದನ್ನು ಸ್ಪೈಲೊಸ್ಟೆತಸ್ ಪ್ಯಾಂಡ್ಯುರಸ್‌ನಲ್ಲೇ ತೋರಿಸಿಕೊಟ್ಟ ಸಂಶೋಧನೆ 1971ರಲ್ಲಿ ಪ್ರಕಟವಾಯಿತು. ಬರೆದ ಮೂವರಲ್ಲಿ ಒಬ್ಬರು ಟಾಡಿಯಸ್ ರೈಕ್‌ಸ್ಟೈನ್. ಕಾರ್ಟಿಸೋನ್ ಕುರಿತ ಕೆಲಸಕ್ಕೆ 1950ರ ವೈದ್ಯಕೀಯ ನೊಬೆಲ್ ಹಂಚಿಕೊಂಡವರು. ಇನ್ನೊಬ್ಬರು ಬ್ರಿಟನ್ನಿನ ಹೆಸರಾಂತ ನಿಸರ್ಗತಜ್ಞೆ ಮಿರಿಯಮ್ ರಾಥ್‌ಸ್ಚೈಲ್ಡ್. ಇಂಥ ದೊಡ್ಡವರು ಕೂತು ಶೋಧಿಸಿದ ಹುಳ ನಮ್ಮ ಬದುವಿನ ಮೇಲಿದೆ. ಇದು ಸೇರಿದ ಉಪಕುಟುಂಬದ ತಿಗಣೆಗಳು ವಿಷವನ್ನು ಬೆನ್ನಿನ ಎರಡು ಅಂಚುಗಳಲ್ಲಿ, ಚರ್ಮದ ಪದರಗಳ ನಡುವಿನ ಸಂದಿಯಲ್ಲಿ ತುಂಬಿಕೊಂಡಿರುತ್ತವೆ. ಹಕ್ಕಿ ಕೊಕ್ಕಿನಲ್ಲಿ ಒತ್ತಿದ ಕೂಡಲೇ ಅಲ್ಲಿಂದ ಹನಿ ಒಸರುತ್ತದೆ. ಬಾಯಿ ಕಹಿಯಾದ ಹಕ್ಕಿ ಉಗುಳುತ್ತದೆ, ತಿಗಣೆ ಬಹುತೇಕ ಜೀವಸಹಿತ ಬೀಳುತ್ತದೆ.

ಕೆಂಪು ಬಣ್ಣಕ್ಕೆ ಅರ್ಥ ಬರುವುದು ಇಲ್ಲಿ. ಸ್ವೀಡನ್ನಿನ ಬಿರ್ಗಿಟ್ಟಾ ಸಿಲೆನ್-ಟುಲ್‌ಬೆರ್ಗ್ 1985ರಲ್ಲಿ ಪ್ರಕಟಿಸಿದ ಪ್ರಯೋಗದಲ್ಲಿ ಇದರ ಹತ್ತಿರದ ಸಂಬಂಧಿ ಲೈಜಿಯಸ್ ತಿಗಣೆಯ ಎರಡು ರೂಪಗಳನ್ನು ಹಕ್ಕಿಗಳ ಮುಂದಿಟ್ಟರು. ಒಂದು ಮಾಮೂಲಿ ಕೆಂಪು, ಇನ್ನೊಂದು ಬೂದು. ಎರಡಕ್ಕೂ ರುಚಿ ಕೆಟ್ಟದ್ದೇ. ಉಳಿದುಕೊಂಡದ್ದರಲ್ಲಿ ಕೆಂಪು ಹೆಚ್ಚು. ಹಕ್ಕಿಗಳು ಕೆಂಪನ್ನು ಬೇಗ ನೆನಪಿಟ್ಟುಕೊಂಡವು. ಗುಂಪಾಗಿ ಕೂರುವುದರ ಲಾಭವೂ ಇದೇ. ಒಂದನ್ನು ಕುಕ್ಕಿ ಬುದ್ಧಿ ಕಲಿತ ಹಕ್ಕಿ ಉಳಿದವುಗಳ ತಂಟೆಗೆ ಬರುವುದಿಲ್ಲ. ಮುಚ್ಚಿಕೊಳ್ಳಲು ಎಲ್ಲಿಯೂ ನೆರಳಿಲ್ಲದ ಬಯಲುಸೀಮೆಯಲ್ಲಿ ಹಾಡುಹಗಲೇ ಎದೆಯುಬ್ಬಿಸಿ ಕೂರುವ ಧೈರ್ಯ ತಿಗಣೆಗೆ ಬಂದದ್ದು ಹೀಗೆ.

ಮೊಟ್ಟೆಯಿಂದ ರೆಕ್ಕೆಯವರೆಗೆ

ಎರಡು ತಿಗಣೆಗಳು ಬೆನ್ನುತುದಿಗೆ ಬೆನ್ನುತುದಿ ಅಂಟಿಸಿಕೊಂಡು, ಒಂದು ಮುಂದೆ ನಡೆದರೆ ಇನ್ನೊಂದು ಹಿಂದು ಹಿಂದಕ್ಕೆ ಎಳೆಸಿಕೊಂಡು ಹೋಗುವುದನ್ನು ನೋಡಿ ಮಕ್ಕಳು ಎರಡು ತಲೆಯ ಹುಳ ಎಂದುಕೊಳ್ಳುವುದುಂಟು. ಅದು ಕೂಡುವ ಜೋಡಿ. ಮುಂದೆ ಎಳೆಯುವುದು ಸಾಮಾನ್ಯವಾಗಿ ದಪ್ಪಗಿರುವ ಹೆಣ್ಣು. ಗಂಟೆಗಟ್ಟಲೆ ಹೀಗೇ ಇರುತ್ತವೆ. ಬೇರೆ ಗಂಡು ಹತ್ತಿರ ಬರದಂತೆ ಕಾಯುವ ಉಪಾಯವೂ ಇದರಲ್ಲಿದೆ.

ಹೆಣ್ಣು ಮಣ್ಣಿನ ಬಿರುಕು, ಉದುರಿದ ಎಲೆಯ ಅಡಿ, ಒಡೆದ ಕಾಯಿಯ ಒಳಗೆ ಗೊಂಚಲಾಗಿ ಮೊಟ್ಟೆ ಇಡುತ್ತದೆ. ಬಿಸಿ ಹವೆಯಲ್ಲಿ ಒಂದು ವಾರದ ಆಸುಪಾಸಿನಲ್ಲಿ ಮರಿ ಹೊರಬರುತ್ತವೆ. ಗೂಡು ಕಟ್ಟಿ ಮಲಗುವ ಕೋಶಾವಸ್ಥೆ ಇವಕ್ಕಿಲ್ಲ. ಮರಿಯೂ ತಾಯಿಯಂತೆಯೇ ಆರು ಕಾಲು, ಸೂಜಿಮೂತಿ, ಅದೇ ಊಟ. ಐದು ಸಲ ಪೊರೆ ಬಿಡುತ್ತದೆ. ಮೊದಮೊದಲು ಮೈಯೆಲ್ಲ ಕೆಂಪು. ಬೆಳೆಯುತ್ತ ಬೆನ್ನಿನ ಮೇಲೆ ಕಪ್ಪು ರೆಕ್ಕೆಮೊಗ್ಗು ಮೂಡುತ್ತದೆ. ಐದನೆಯ ಪೊರೆ ಕಳಚಿದಾಗ ಪೂರ್ಣ ರೆಕ್ಕೆ.

ಪೊರೆ ಬಿಡುವುದನ್ನು ನೋಡಲು ಬೆಳಿಗ್ಗೆ ಬೇಗ ಹೋಗಬೇಕು. ಕಾಯಿಯ ಅಡಿಭಾಗಕ್ಕೋ ಎಲೆಯ ನರಕ್ಕೋ ಮರಿ ತಲೆಕೆಳಗಾಗಿ ಉಗುರು ಊರಿ ನೇತುಬೀಳುತ್ತದೆ. ಬೆನ್ನು ನಡುವೆ ಸೀಳುತ್ತದೆ. ಮೊದಲು ಎದೆ, ಆಮೇಲೆ ತಲೆ, ಮೀಸೆ, ಕಾಲು ಒಂದೊಂದಾಗಿ ಹೊರಕ್ಕೆ ಬರುತ್ತವೆ. ಈಗಷ್ಟೇ ಹೊರಬಿದ್ದ ತಿಗಣೆಯಲ್ಲಿ ಕಪ್ಪಿನ ಸುಳಿವಿಲ್ಲ. ಕಾಲು ಮೀಸೆ ಸಮೇತ ಕೆಂಪು, ಮೈ ಮೆದು. ಕೆಲವು ಗಂಟೆಗಳಲ್ಲಿ ಮೊದಲು ಕಾಲು ಮಸಕಾಗಿ, ಬಳಿಕ ಬೆನ್ನಿನ ಪಟ್ಟೆಗಳು ಒಳಗಿನಿಂದ ಮಸಿ ಇಳಿದ ಹಾಗೆ ಕಪ್ಪಾಗುತ್ತವೆ. ಪಕ್ಕದಲ್ಲಿ ತೂಗುವ ಬಿಳಿ ಪೊರೆ ನೋಡಿದರೆ ಮೀಸೆಯ ತುದಿಯವರೆಗೂ ಅಚ್ಚು ಇಳಿದಿರುತ್ತದೆ. ಗುಂಪಿನಲ್ಲಿ ಅಚ್ಚ ಕೆಂಪಿನದೊಂದು ಕಂಡರೆ ಬೇರೆ ಜಾತಿ ಎಂದುಕೊಳ್ಳಬೇಡಿ.

ಮೊಟ್ಟೆಯಿಂದ ರೆಕ್ಕೆಯವರೆಗೆ ಬೇಸಿಗೆಯಲ್ಲಿ ಒಂದರಿಂದ ಒಂದೂವರೆ ತಿಂಗಳು. ಚಳಿಯಲ್ಲಿ ನಿಧಾನ.

ಇದರಂತೆಯೇ ಕಾಣುವವು

ಮೊದಲನೆಯದು ಕೆಂಪು ಹತ್ತಿ ತಿಗಣೆ, ಡಿಸ್ಡರ್ಕಸ್ ಸಿಂಗ್ಯುಲೇಟಸ್. ಇದು ಎಕ್ಕಕ್ಕಿಂತ ಹತ್ತಿ, ಬೆಂಡೆ, ದಾಸವಾಳ, ಬೂರುಗ, ಬೀಳಿನ ತುತ್ತಿ ಗಿಡದ ಮೇಲೆ ಹೆಚ್ಚು. ತಲೆಯ ಹಿಂದೆ ಬಿಳಿ ಕೊರಳಪಟ್ಟಿ, ಪ್ರತಿ ರೆಕ್ಕೆಯ ಮೇಲೆ ಒಂದೊಂದು ಕಪ್ಪು ಬೊಟ್ಟು. ಅನುಮಾನವಿದ್ದರೆ ಮಗುಚಿ ನೋಡಿ, ಕೆಂಪು ಹೊಟ್ಟೆಯ ಅಡ್ಡಕ್ಕೆ ಬಿಳಿ ಪಟ್ಟೆಗಳು ಸಾಲಾಗಿರುತ್ತವೆ. ಕೈಮಸೂರ ಇದ್ದವರಿಗೆ ಇನ್ನೂ ಖಚಿತವಾದ ಗುರುತು ಇದೆ. ಎಕ್ಕದ ತಿಗಣೆಯ ನೆತ್ತಿಯಲ್ಲಿ ದೊಡ್ಡ ಕಣ್ಣುಗಳ ನಡುವೆ ಸಾಸಿವೆಗಿಂತ ಚಿಕ್ಕದಾದ ಎರಡು ಒಂಟಿಗಣ್ಣು ಹೊಳೆಯುತ್ತವೆ. ಹತ್ತಿ ತಿಗಣೆಗೆ ಅವಿಲ್ಲ. ಇದು ನಿಜವಾದ ಪೀಡೆ. ಒಡೆದ ಕಾಯಿಯಲ್ಲಿ ಬೀಜ ಹೀರುತ್ತದೆ, ಅದರ ಜೊತೆ ಬರುವ ಶಿಲೀಂಧ್ರ ಹಾಗೂ ಹೇಲಿನಿಂದ ಅರಳೆ ಹಳದಿಗಟ್ಟಿ ಬೆಲೆ ಕಳೆದುಕೊಳ್ಳುತ್ತದೆ.

ಎರಡನೆಯದು ಈ ಹತ್ತಿ ತಿಗಣೆಯದೇ ಕುಟುಂಬದ ಆಂಟಿಲೋಕಸ್. ಮೈಕಟ್ಟಿನಲ್ಲಿ ಅದಕ್ಕಿಂತ ದಪ್ಪ, ಬಣ್ಣ ಅದೇ ಕೆಂಪು, ಹೊಟ್ಟೆಯಡಿ ಬಿಳಿ ಪಟ್ಟೆ ಇಲ್ಲ. ಸಸ್ಯ ಹೀರುವ ಮನೆತನದಲ್ಲಿ ಹುಟ್ಟಿ ಇದು ಮಾಂಸಾಹಾರಿಯಾಗಿದೆ. ಹತ್ತಿ ತಿಗಣೆಯನ್ನೇ ಹಿಡಿದು ಸೂಜಿ ಚುಚ್ಚಿ ಹೀರುತ್ತದೆ. ಬೆಂಡೆ ತೋಟದಲ್ಲಿ ಒಂದು ಕೆಂಪು ತಿಗಣೆ ಇನ್ನೊಂದು ಕೆಂಪು ತಿಗಣೆಯನ್ನು ಮೂತಿಗೆ ಸಿಕ್ಕಿಸಿಕೊಂಡು ತಿರುಗುತ್ತಿದ್ದರೆ ಅಲ್ಲಿ ನಿಮಗೆ ಸಂಬಳವಿಲ್ಲದ ಕೆಲಸಗಾರ ಇದ್ದಾನೆ. ಔಷಧಿ ಹೊಡೆದರೆ ಇಬ್ಬರೂ ಸಾಯುತ್ತಾರೆ, ಆದರೆ ಮೊದಲು ಚೇತರಿಸಿಕೊಂಡು ಬರುವುದು ಪೀಡೆಯೇ.

ಮೂರನೆಯದು ಬೇಟೆಗಾರ ತಿಗಣೆ, ರೈನೊಕೊರಿಸ್. ಕೆಂಪು-ಕಪ್ಪಿನ ಇದರ ಪ್ರಭೇದಗಳು ದಕ್ಷಿಣ ಭಾರತದ ಕಡಲೆಕಾಯಿ ಹೊಲಗಳಲ್ಲಿ ಕಾಯಂ ವಾಸಿ. ಎಲೆ ತಿನ್ನುವ ಹುಳಗಳನ್ನು ಹಿಡಿದು ಮುಗಿಸುತ್ತವೆ. ಗುರುತು ತುಂಬ ಸುಲಭ: ತಲೆ ಸಪೂರ, ಕತ್ತು ಬೇರೆಯಾಗಿ ಕಾಣುತ್ತದೆ. ಮೂತಿ ಗಿಡ್ಡ, ದಪ್ಪ, ಕುಡುಗೋಲಿನಂತೆ ಬಾಗಿ ತಲೆಯಿಂದ ಈಚೆಗೆ ನಿಂತಿರುತ್ತದೆ. ಗುಂಪಿನಲ್ಲಿ ಇರುವುದಿಲ್ಲ, ಒಂಟಿಯಾಗಿ ಹೊಂಚು ಹಾಕುತ್ತದೆ. ಬರಿಗೈಯಲ್ಲಿ ಮಾತ್ರ ಹಿಡಿಯಬೇಡಿ, ಚುಚ್ಚಿದರೆ ಚೇಳು ಕಡಿದಷ್ಟು ನೋವು.

ಬಣ್ಣವಿಲ್ಲದ ಆ ನಾಲ್ಕನೆಯದರ ಮೇಲೆ ನಿಮ್ಮ ಗಮನ ಹೆಚ್ಚಿರಲಿ. ಎಲಾಸ್ಮೊಲೋಮಸ್ ಸಾರ್ಡಿಡಸ್, ಕಡಲೆಕಾಯಿ ಬೀಜದ ತಿಗಣೆ. ಸುಮಾರು 10 ಮಿಲಿಮೀಟರ್ ಉದ್ದ, ಗಾಢ ಕಂದು. ಕಿತ್ತು ಗುಡ್ಡೆ ಹಾಕಿದ ಬಳ್ಳಿಯ ಅಡಿ, ಕಣದಲ್ಲಿ ಒಣಗಲು ಹರಡಿದ ಕಾಯಿಯ ನಡುವೆ, ಕೆಲವೊಮ್ಮೆ ಮೂಟೆಯ ಸಂದಿಯಲ್ಲೂ ಇರುತ್ತದೆ. ಸಿಪ್ಪೆಯ ಮೂಲಕವೇ ಸೂಜಿ ಇಳಿಸಿ ಬೀಜ ಹೀರುತ್ತದೆ. ಬೀಜ ಮುದುಡುತ್ತದೆ, ಎಣ್ಣೆಯಲ್ಲಿ ಕೊಬ್ಬಿನಾಮ್ಲ ಏರಿ ಕಮಟು ವಾಸನೆ ಹಿಡಿಯುತ್ತದೆ. ಇದರ ಎಳೆ ಮರಿಯ ಹೊಟ್ಟೆ ಕೆಂಪು, ಬೆಳೆದಂತೆ ಕಪ್ಪಾಗುತ್ತದೆ. ಹಾಗಾಗಿ ಕಣದಲ್ಲಿ ಓಡಾಡುವ ಕೆಂಪು ಹೊಟ್ಟೆಯ ಮರಿ ಕಂಡು ಎಕ್ಕದಿಂದ ಇಳಿದು ಬಂತು ಎಂದು ಬದುವಿನ ಎಕ್ಕ ಕಡಿಯಬೇಡಿ. ತೊಗರಿಯ ಕಾಯಿ ಹೀರುವ ಕ್ಲಾವಿಗ್ರಲ್ಲಾ ತಿಗಣೆಯೂ ಇಂಥದ್ದೇ ಬೂದುಕಂದು ಬಣ್ಣದ್ದು.

ಬೆಳೆಯಲ್ಲಿ ಕಂಡರೆ ಏನು ಮಾಡಬೇಕು

ಎಕ್ಕದ ತಿಗಣೆ ಪೂರ್ತಿ ಸಾಧು ಎಂದು ಹೇಳಿದರೆ ಸುಳ್ಳಾದೀತು. ಎಕ್ಕದ ಬೀಜ ಮುಗಿದ ಕಾಲದಲ್ಲಿ ಪಕ್ಕದಲ್ಲಿ ಸೂರ್ಯಕಾಂತಿ ತೆನೆ ಬಲಿಯುತ್ತಿದ್ದರೆ ಅಲ್ಲಿಗೆ ಹಾರುತ್ತದೆ. ಎಳ್ಳು, ಸಜ್ಜೆ, ಜೋಳದ ತೆನೆಯಲ್ಲೂ ಕಂಡದ್ದು ದಾಖಲಾಗಿದೆ. ಆದರೆ ಅಲ್ಲೊಂದು ಇಲ್ಲೊಂದು ಕಂಡ ಮಾತ್ರಕ್ಕೆ ಔಷಧಿಯ ಅಂಗಡಿಗೆ ಓಡಬೇಕಾಗಿಲ್ಲ. ಕಾಳು ಹಾಲುಗಟ್ಟುವ ಹಂತದಲ್ಲಿ ತೆನೆತೆನೆಗೂ ಗುಂಪು ಕಟ್ಟಿದ್ದರೆ ಮಾತ್ರ ಯೋಚನೆ. ಸಣ್ಣ ಹಿಡುವಳಿಯಲ್ಲಿ ಅಗಲ ಬಾಯಿಯ ಬಕೆಟ್ಟಿಗೆ ಸೋಪಿನ ನೀರು ಹಾಕಿ, ತೆನೆ ಬಗ್ಗಿಸಿ ಜಾಡಿಸಿದರೆ ಬಹುಪಾಲು ಅದರಲ್ಲೇ ಬೀಳುತ್ತವೆ. ಗಾಬರಿಯಾದರೆ ಕೈಬಿಟ್ಟು ಕೆಳಗೆ ಬೀಳುವುದು ಅವುಗಳ ಸ್ವಭಾವ. ತಂಪು ಹೊತ್ತಿನಲ್ಲಿ, ಅವು ಇನ್ನೂ ಜಡವಾಗಿರುವಾಗ ಮಾಡಿದರೆ ಕೆಲಸ ಸುಲಭ. ಸೂರ್ಯಕಾಂತಿ ಹೂಬಿಟ್ಟಾಗ ಕೀಟನಾಶಕ ಹೊಡೆದರೆ ಜೇನು ಸಾಯುತ್ತದೆ. ಜೇನಿಲ್ಲದ ತೆನೆಯಲ್ಲಿ ಕಾಳು ಜೊಳ್ಳಾಗುತ್ತದೆ. ತಿಗಣೆ ಮಾಡುವ ನಷ್ಟಕ್ಕಿಂತ ಆ ನಷ್ಟ ದೊಡ್ಡದು.

ಕಡಲೆಕಾಯಿಯ ಕಂದು ತಿಗಣೆಗೆ ಮದ್ದು ಔಷಧಿಯಲ್ಲ, ಚುರುಕುತನ. ಕಿತ್ತ ಬಳ್ಳಿಯನ್ನು ವಾರಗಟ್ಟಲೆ ಹೊಲದಲ್ಲೇ ಗುಡ್ಡೆ ಬಿಡಬೇಡಿ. ಕಾಯಿ ಬಿಡಿಸಿ ಟಾರ್ಪಾಲಿನ ಮೇಲೆ ತೆಳುವಾಗಿ ಹರಡಿ, ದಿನಕ್ಕೆ ಒಂದೆರಡು ಸಲ ಕೈಯಾಡಿಸಿ ಬೇಗ ಒಣಗಿಸಿ. ಕಾಯಿ ಅಲುಗಿಸಿದರೆ ಗಲಗಲ ಎನ್ನುವಷ್ಟು ಒಣಗಿದ ಮೇಲೆ ತೂರಿ, ಹೊಟ್ಟು ಕಸ ತೆಗೆದು ಹೊಸ ಚೀಲಕ್ಕೆ ತುಂಬಿ. ಹಳೆ ಚೀಲವಾದರೆ ಬಿಸಿಲಿಗೆ ಹಾಕಿ ಒದರಿ. ಕಣದ ಸುತ್ತ ಹಳೆ ಬಳ್ಳಿಯ ರಾಶಿ ಇಟ್ಟುಕೊಂಡರೆ ಮುಂದಿನ ಸುಗ್ಗಿಗೆ ತಿಗಣೆಯನ್ನು ನಾವೇ ಸಾಕಿದಂತೆ.

ಬದುವಿನ ಎಕ್ಕ ಎರಡು ಮೂರು ಇದ್ದರೆ ಇರಲಿ ಎಂಬುದು ನನ್ನ ಮಾತು. ಬೆಳೆಯ ಹೂವಿಗೆ ಬರುವ ದುಂಬಿಗಳಿಗೆ ಬೆಳೆ ಇಲ್ಲದ ತಿಂಗಳುಗಳಲ್ಲಿ ಆಧಾರ ಅದು. ಎಕ್ಕದ ಹೇನಿಗೆ ಬರುವ ಗುಲಗಂಜಿ ಹುಳಗಳು ನಮ್ಮ ಅಲಸಂದೆಯ ಹೇನನ್ನೂ ತಿನ್ನುತ್ತವೆ.

ನೋಡಲು ಹೋಗುವವರಿಗೆ

ಎಕ್ಕ ವರ್ಷವಿಡೀ ಹೂ ಬಿಡುತ್ತದೆ, ಕಾಯಿ ಒಡೆಯುವ ಭರಾಟೆ ಚಳಿ ಇಳಿದ ಮೇಲೆ. ಬಿಸಿಲು ಏರುವ ಮೊದಲು ಹೋಗಿ. ನಡುಮಧ್ಯಾಹ್ನದ ಹೊತ್ತಿಗೆ ತಿಗಣೆಗಳು ಎಲೆಯಡಿಗೆ, ಬುಡದ ಕಸದೊಳಗೆ ಸೇರಿಕೊಳ್ಳುತ್ತವೆ. ಸೂರ್ಯನಿಗೆ ಎದುರಾಗಿ ನಡೆಯಿರಿ, ನಿಮ್ಮ ನೆರಳು ಗಿಡದ ಮೇಲೆ ಬೀಳಬಾರದು. ಹತ್ತು ಪಟ್ಟು ದೊಡ್ಡದಾಗಿ ತೋರಿಸುವ ಕೈಮಸೂರ ಒಂದಿದ್ದರೆ ಸಾಕು. ಮಧುಗಿರಿಯ ಮೈದನಹಳ್ಳಿಗೆ ಕೃಷ್ಣಮೃಗ ನೋಡಲು, ಶಿರಾದ ಕಗ್ಗಲಡುವಿಗೆ ಬಣ್ಣದ ಕೊಕ್ಕರೆ ನೋಡಲು ದೂರದಿಂದ ಬರುವವರು ದಾರಿಯ ಎಕ್ಕದ ಪೊದೆಯ ಬಳಿಯೂ ಹತ್ತು ನಿಮಿಷ ನಿಲ್ಲಬಹುದು.

ಎಕ್ಕದ ಹಾಲಿನ ವಿಷಯದಲ್ಲಿ ಮಾತ್ರ ಎಚ್ಚರ. ಎಲೆ, ಕಾಯಿ ಕಿತ್ತ ಕೈಯಿಂದ ಕಣ್ಣು ಉಜ್ಜಬೇಡಿ. ಹಾಲು ಕಣ್ಣಿಗೆ ಬಿದ್ದರೆ ಕರಿಗುಡ್ಡೆಯ ಮೇಲ್ಪದರ ಊದಿ ದೃಷ್ಟಿ ಮಂಜಾಗುತ್ತದೆ. ಮೊದಮೊದಲು ನೋವು ಹೆಚ್ಚಿರದೆ ಇರಬಹುದು, ಅದನ್ನು ನಂಬಿ ಸುಮ್ಮನಿರಬಾರದು. ಕೂಡಲೇ ಶುದ್ಧ ನೀರಿನಿಂದ ಧಾರಾಳವಾಗಿ ತೊಳೆದು, ಕಣ್ಣಿನ ಡಾಕ್ಟರ ಬಳಿ ಹೋಗಬೇಕು. ಎದೆಹಾಲು, ಎಣ್ಣೆ ಬಿಡುವುದು ಬೇಡ. ತಿಗಣೆ ಮುಟ್ಟಿದ ಮೇಲೂ ಸೋಪಿನಲ್ಲಿ ಕೈ ತೊಳೆಯಿರಿ.

ಶಾಲೆಯ ಮಕ್ಕಳಿಗೆ ಇದನ್ನು ಸಾಕಿ ತೋರಿಸಬಹುದು. ಅಗಲ ಬಾಯಿಯ ಗಾಜಿನ ಬಾಟಲಿ, ಬಾಯಿಗೆ ತೆಳು ಬಟ್ಟೆ, ಒಳಗೆ ಏರಿಳಿಯಲು ಒಣ ಕಡ್ಡಿ, ಒದ್ದೆ ಹತ್ತಿಯ ಉಂಡೆ, ಒಡೆದ ಎಕ್ಕದ ಕಾಯಿ. ಕಾಯಿ ಸಿಗದಿದ್ದರೆ ಸಿಪ್ಪೆ ಸುಲಿದ ಸೂರ್ಯಕಾಂತಿ ಬೀಜ. ಅಮೆರಿಕದ ಪ್ರಯೋಗಾಲಯಗಳಲ್ಲಿ ಇದರ ಸಂಬಂಧಿ ಆಂಕೊಪೆಲ್ಟಸ್ ತಿಗಣೆಯನ್ನು ಸೂರ್ಯಕಾಂತಿ ಬೀಜದ ಮೇಲೆಯೇ ತಲೆಮಾರುಗಟ್ಟಲೆ ಸಾಕುತ್ತಾರೆ. ಹಾಗೆ ಬೆಳೆದವುಗಳ ಮೈಯಲ್ಲಿ ಹೃದಯವಿಷ ಇರುವುದಿಲ್ಲ, ಬಣ್ಣ ಮಾತ್ರ ಅಷ್ಟೇ ಕೆಂಪು. ಬಣ್ಣ ವಂಶದಿಂದ ಬಂದದ್ದು, ವಿಷ ಊಟದಿಂದ ಬಂದದ್ದು ಎಂದು ಮಕ್ಕಳಿಗೆ ಹೇಳಿಕೊಡಲು ಇದಕ್ಕಿಂತ ಒಳ್ಳೆಯ ಪಾಠ ಸಿಗಲಾರದು.

ಬಾಟಲಿಯ ತಳಕ್ಕೆ ಹಾಸುವ ಕಾಗದಕ್ಕೂ ಒಂದು ಕಥೆ ಇದೆ. 1960ರ ದಶಕದಲ್ಲಿ ಕಾರೆಲ್ ಸ್ಲಾಮಾ ಎಂಬ ವಿಜ್ಞಾನಿ ಪ್ರಾಗ್‌ನಿಂದ ಹಾರ್ವರ್ಡ್‌ಗೆ ಹೋಗುವಾಗ ಹತ್ತಿ ತಿಗಣೆಯ ಕುಟುಂಬದ ಯುರೋಪಿನ ಕೆಂಪು ತಿಗಣೆಗಳನ್ನು ಜೊತೆಗೆ ಒಯ್ದರು. ಅಲ್ಲಿ ಅವು ಐದನೆಯ ಪೊರೆ ಬಿಟ್ಟ ಮೇಲೂ ಪ್ರೌಢವಾಗಲಿಲ್ಲ. ಮರಿಯಾಗಿಯೇ ಉಳಿದು ಇನ್ನಷ್ಟು ಊದಿ ಸತ್ತವು. ಒಂದೊಂದೇ ಕಾರಣ ತಳ್ಳಿಹಾಕುತ್ತ ಹೋದಾಗ ಸಿಕ್ಕಿದ್ದು ಪಾತ್ರೆಗೆ ಹಾಸಿದ್ದ ಕಾಗದದ ಟವೆಲ್. ನ್ಯೂಯಾರ್ಕ್ ಟೈಮ್ಸ್ ಪತ್ರಿಕೆ ಹಾಸಿದರೂ ಅದೇ ಗತಿ, ಲಂಡನ್ನಿನ ಟೈಮ್ಸ್ ಹಾಸಿದರೆ ಏನೂ ಇಲ್ಲ. ಅಮೆರಿಕದ ಕಾಗದಕ್ಕೆ ಬಳಸುವ ಬಾಲ್ಸಮ್ ಫರ್ ಮರದಲ್ಲಿ ಕೀಟದ ಎಳೆತನ ಕಾಯುವ ಹಾರ್ಮೋನಿನಂತೆ ವರ್ತಿಸುವ ವಸ್ತು ಇತ್ತು. ಸ್ಲಾಮಾ ಮತ್ತು ಹಾರ್ವರ್ಡ್‌ನ ಕ್ಯಾರಲ್ ವಿಲಿಯಮ್ಸ್ 1965ರಲ್ಲಿ ಇದನ್ನು ಪ್ರಕಟಿಸಿದ ಮೇಲೆ, ಹಾರ್ಮೋನು ಬಳಸಿ ಕೀಟ ಹತೋಟಿ ಮಾಡುವ ದಾರಿಯಲ್ಲಿ ದೊಡ್ಡ ಉತ್ಸಾಹ ಹುಟ್ಟಿತು.

ಯಾವ ತಿಗಣೆ ಎಂದು ಅನುಮಾನ ಬಂದರೆ ಹೋಬಳಿಯ ರೈತ ಸಂಪರ್ಕ ಕೇಂದ್ರದಲ್ಲಿ ತೋರಿಸಿ. ಹಿರೇಹಳ್ಳಿಯ ಕೃಷಿ ವಿಜ್ಞಾನ ಕೇಂದ್ರದವರನ್ನೂ ಕೇಳಬಹುದು. ಬೆಂಗಳೂರಿನ ಹೆಬ್ಬಾಳದಲ್ಲಿ ರಾಷ್ಟ್ರೀಯ ಕೃಷಿ ಕೀಟ ಸಂಪನ್ಮೂಲ ಬ್ಯೂರೋ ಇದೆ, ಜಿಕೆವಿಕೆಯ ಕೀಟಶಾಸ್ತ್ರ ವಿಭಾಗವಿದೆ. ಮೊಬೈಲ್ ಬಳಸುವವರು ಐನ್ಯಾಚುರಲಿಸ್ಟ್ ಎಂಬ ಆ್ಯಪ್‌ಗೆ ಫೋಟೋ ಹಾಕಿದರೆ ನೋಡಿ ಹೇಳುವವರು ಸಿಗುತ್ತಾರೆ. ಮೂರು ಫೋಟೋ ತೆಗೆಯಿರಿ: ಬೆನ್ನು ಪೂರ್ತಿ ಕಾಣುವಂತೆ ಮೇಲಿನಿಂದ ಒಂದು, ಮೂತಿ ಕಾಣುವಂತೆ ಪಕ್ಕದಿಂದ ಒಂದು, ಹೊಟ್ಟೆಯಡಿಯದು ಒಂದು. ಕೂತಿದ್ದ ಗಿಡದ್ದೂ ಒಂದಿರಲಿ. ಊರು, ದಿನಾಂಕ, ಒಂಟಿಯೋ ಗುಂಪೋ, ಬೀಜ ಹೀರುತ್ತಿತ್ತೋ ಬೇರೆ ಹುಳವನ್ನೋ ಎಂದು ಎರಡು ಸಾಲು ಬರೆಯಿರಿ. ಹುಳವನ್ನೇ ಒಯ್ಯುವುದಾದರೆ ತೂತು ಮಾಡಿದ ಮುಚ್ಚಳದ ಸಣ್ಣ ಡಬ್ಬಿಯಲ್ಲಿ, ಅದೇ ಗಿಡದ ಒಂದು ತುಂಡಿನ ಜೊತೆ, ಹಿಡಿದ ದಿನವೇ ಒಯ್ಯಿರಿ. ಪ್ಲಾಸ್ಟಿಕ್ ಚೀಲದಲ್ಲಿ ಕಟ್ಟಿಟ್ಟರೆ ಬೆವರಿ ಕೊಳೆತು, ನೋಡಬೇಕಾದ ಗುರುತುಗಳೆಲ್ಲ ಅಳಿಸಿಹೋಗುತ್ತವೆ.